ಬಾಣಂತನಕ್ಕೆ ಹೊರಟ ತವರು

ನಡುರಾತ್ರಿಯ ಹೊತ್ತಿಗೆ ದೇವನಹಳ್ಳಿಯ ವಿಮಾನ ನಿಲ್ದಾಣಕ್ಕೆ ಹೋದರೆ ಬಾಣಂತನಕ್ಕೆ ಹೊರಟ ಹೆಂಗಸರನ್ನು ಯಾರು ಬೇಕಾದರೂ ಗುರುತು ಹಿಡಿಯಬಹುದು. ವಯಸ್ಸು ಅರವತ್ತರ ಆಚೀಚೆ. ಸೀರೆಯ ಕೆಳಗೆ ಹೊಚ್ಚಹೊಸ ಬಿಳಿ ಬೂಟು. ಎದೆಗವಚಿಕೊಂಡ ಪ್ಲಾಸ್ಟಿಕ್ ಫೈಲಿನಲ್ಲಿ ಪಾಸ್‌ಪೋರ್ಟು, ವಾಪಸು ಟಿಕೆಟ್ಟು, ಅಲ್ಲಿನ ಅಧಿಕಾರಿ ಏನು ಕೇಳಿದರೆ ಏನು ಹೇಳಬೇಕೆಂದು ಮಗಳು ಬರೆದು ಕಳಿಸಿದ ಹಾಳೆ. ಪಕ್ಕದಲ್ಲಿ ಯಜಮಾನರು, ದಿಬ್ಬಣದ ಬಸ್ಸಿನಲ್ಲಿ ಸೀಟು ಖಾಲಿ ಇದೆಯೆಂದು ಹತ್ತಿಸಿಕೊಂಡ ದೂರದ ನೆಂಟನ ಹಾಗೆ ನಿಂತಿರುತ್ತಾರೆ. ಪಕ್ಕದ ಸಾಲಿನಲ್ಲಿ ಅಂಥದೇ ಇನ್ನೊಂದು ಜೋಡಿ. ಹೆಂಗಸರಿಬ್ಬರೂ ಮುಖ ನೋಡಿಕೊಂಡು ನಗುತ್ತಾರೆ. "ಮಗಳೋ, ಸೊಸೆಯೋ?" "ಮಗಳು." "ಎಷ್ಟನೇದು?" "ಮೊದಲನೇದು." ಇಷ್ಟು ಮಾತಾದರೆ ಮುಗಿಯಿತು, ಫ್ರಾಂಕ್‌ಫರ್ಟಿನವರೆಗೆ ಸಾಕಾಗುವಷ್ಟು ಸ್ನೇಹ ಬೆಳೆದಿರುತ್ತದೆ.

ಅವರ ಸೂಟ್‌ಕೇಸುಗಳಲ್ಲಿ ಏನಿರುತ್ತದೆಂದು ತೆರೆದು ನೋಡಬೇಕಾಗಿಲ್ಲ. ಒಣಶುಂಠಿ, ಹಿಪ್ಪಲಿ, ಮೆಣಸು, ಓಮ ಎಲ್ಲ ಹುರಿದು ಪುಡಿ ಮಾಡಿದ ಕಾಯದ ಪುಡಿ. ತುಪ್ಪದಲ್ಲಿ ಅರಳಿಸಲು ಅಂಟು. ಬಜೆ ಬೇರು, ಜಾಯಿಕಾಯಿ, ಅವನ್ನು ತೇಯಲು ಅಂಗೈಯಗಲದ ಸಾಣೆಕಲ್ಲು. ಒಗೆದೊಗೆದು ಬೆಣ್ಣೆಯಂತಾದ ಹತ್ತಿ ಸೀರೆಗಳ ತುಂಡು. ಅಟ್ಟದ ಮೇಲಿನ ಪೆಟ್ಟಿಗೆಯಿಂದ ಹುಡುಕಿ ತೆಗೆದು ಹುಣಿಸೆಹಣ್ಣಿನಲ್ಲಿ ತಿಕ್ಕಿದ ಬೆಳ್ಳಿಯ ಒಳಲೆ. ದುಬೈ ಮೇಲೆ ಹೋಗುವವರು ಗಸಗಸೆಯನ್ನು ಮಾತ್ರ ಮನೆಯಲ್ಲೇ ಬಿಡಬೇಕು. ನಮ್ಮ ಪಾಯಸದ ಗಸಗಸೆ ಆ ದೇಶದಲ್ಲಿ ಅಪರಾಧ. ಇಷ್ಟನ್ನೂ 23 ಕಿಲೋದೊಳಗೆ ತೂಗಿ, ತೆಗೆದು, ಮತ್ತೆ ತೂಗಿ, ಕೊನೆಗೆ ಯಜಮಾನರ ಪ್ಯಾಂಟುಗಳೆರಡನ್ನು ಹೊರಗಿಟ್ಟು ಬೀಗ ಹಾಕಿರುತ್ತಾರೆ.

ಹಿಂದೆ ಬಸುರಿ ಮಗಳನ್ನು ಕರೆತರಲು ಅಪ್ಪನೋ ಅಣ್ಣನೋ ಹೋಗುತ್ತಿದ್ದರು. ಏಳರಲ್ಲಿ ಬಂದರೆ ಬಂದಳು, ಎಂಟರಲ್ಲಿ ಪ್ರಯಾಣ ಕೂಡದು, ಆಮೇಲೆ ಒಂಬತ್ತರಲ್ಲೇ. ಹೂ ಮುಡಿಸಿ, ಬಳೆ ತೊಡಿಸಿ ಕಳಿಸಿದ ಮಗಳು ಮೂರೋ ಐದೋ ತಿಂಗಳ ಕೂಸನ್ನೆತ್ತಿಕೊಂಡು, ತೊಟ್ಟಿಲ ಸಮೇತ ಗಂಡನ ಮನೆಗೆ ಮರಳುವಳು. ತವರು ಇದ್ದಲ್ಲೇ ಇರುತ್ತಿತ್ತು, ಓಡಾಡುತ್ತಿದ್ದವಳು ಮಗಳು. ಈಗ ತವರೇ ವೀಸಾಕ್ಕೆಂದು ಚೆನ್ನೈಗೋ ಹೈದರಾಬಾದಿಗೋ ಹೋಗಿ, ಹತ್ತು ಬೆರಳಿನ ಗುರುತು ಕೊಟ್ಟು, ಮಂಡಿಗೆ ಪಟ್ಟಿ ಬಿಗಿದುಕೊಂಡು ಹೊರಟಿದೆ. ಆ ಸಾಲಿನಲ್ಲಿ ನಾನೂ ನಿಂತವಳೇ. ಮಗಳಿರುವುದು ಅಮೆರಿಕದ ಟೆಕ್ಸಾಸಿನಲ್ಲಿ, ಡಲ್ಲಾಸಿಗೆ ಅಂಟಿಕೊಂಡಂತಿರುವ ಪ್ಲೇನೋ ಎಂಬ ಊರಿನಲ್ಲಿ.

ಹೊರಡುವ ಹಿಂದಿನ ದಿನ ಕಾಯದ ಪುಡಿ ಜರಡಿ ಹಿಡಿಯುತ್ತ ಕೂತಾಗ ನನಗೊಂದು ಲೆಕ್ಕ ಹೊಳೆಯಿತು. ನಾನು ಹುಟ್ಟಿದ್ದು 1959ರಲ್ಲಿ. ಆಗ ನನ್ನಮ್ಮನಿಗೆ ಇಪ್ಪತ್ತೊಂದು, ಅಮ್ಮನ ಬಾಣಂತನ ಮಾಡಬೇಕಾದ ಅಜ್ಜಿಗೆ ಮೂವತ್ತೇಳು. ನನ್ನ ಮಗಳು 1989ರಲ್ಲಿ ಹುಟ್ಟಿದಾಗ ನನ್ನಮ್ಮನಿಗೆ ಐವತ್ತೊಂದು. ಮಗಳ ಮಗಳು ಹುಟ್ಟುವ ಹೊತ್ತಿಗೆ ನನಗೆ ಅರವತ್ತನಾಲ್ಕು. ಮಕ್ಕಳನ್ನು ಹೆರುವ ವಯಸ್ಸು ಮುಂದೆ ಮುಂದೆ ಹೋಯಿತೆಂದು ಎಲ್ಲರೂ ಬರೆಯುತ್ತಾರೆ, ಡಾಕ್ಟರುಗಳು ಎಚ್ಚರಿಸುತ್ತಾರೆ. ಬಾಣಂತನ ಮಾಡುವವರ ವಯಸ್ಸೂ ಅದರ ಬೆನ್ನಿಗೇ ಹೋಯಿತೆಂಬುದು ಯಾರ ಗಮನಕ್ಕೂ ಬಂದ ಹಾಗಿಲ್ಲ. ಮೂವತ್ತೇಳರ ಅಜ್ಜಿ ಹಂಡೆಯ ನೀರನ್ನು ತಂಬಿಗೆಯಲ್ಲಿ ಮೊಗೆದು ಬಾಣಂತಿಯ ಸೊಂಟಕ್ಕೆ ಬೀಸಿ ಹೊಡೆಯಬಲ್ಲಳು. ಅರವತ್ತನಾಲ್ಕರವಳು ಬೆಳಗ್ಗೆ ಎದ್ದು ತನ್ನ ಸೊಂಟಕ್ಕೇ ಮುಲಾಮು ಹಚ್ಚಿಕೊಳ್ಳಬೇಕು.

ಅಜ್ಜಿಯ ಮನೆ ಹಾಸನ ಜಿಲ್ಲೆಯ ಅರಕಲಗೂಡು ಸೀಮೆಯಲ್ಲಿತ್ತು. ತೊಟ್ಟಿಮನೆ. ಬಾಣಂತಿ ಕೋಣೆಯೆಂದು ಬೇರೆ ಕಟ್ಟಿಸಿರಲಿಲ್ಲ. ಭತ್ತದ ಪಣತದ ಪಕ್ಕದ ಕತ್ತಲೆಕೋಣೆಗೆ ಆ ಹೆಸರು ಆಗಾಗ ಬರುತ್ತಿತ್ತು, ವರ್ಷದಲ್ಲಿ ಅರ್ಧಕಾಲ ಅದೇ ಹೆಸರಿನಲ್ಲಿರುತ್ತಿತ್ತು ಎಂದರೂ ತಪ್ಪಿಲ್ಲ. ಅಜ್ಜಿ ಹೆತ್ತದ್ದು ಒಂಬತ್ತು, ಉಳಿದದ್ದು ಆರು. ಮೊದಲನೆಯವಳು ನನ್ನಮ್ಮ, ಆಗ ಅಜ್ಜಿಗೆ ಹದಿನಾರು. ಬ್ರಿಟಿಷ್ ಇಂಡಿಯಾದಲ್ಲಿ 1929ರ ಶಾರದಾ ಕಾಯ್ದೆ ಹುಡುಗಿಯ ಮದುವೆಗೆ ಹದಿನಾಲ್ಕಾದರೂ ಆಗಲಿ ಎಂದಿತ್ತು. ನಮ್ಮ ಮೈಸೂರು ಸಂಸ್ಥಾನ ಅದಕ್ಕೂ ಬಹಳ ಮೊದಲು, 1894ರಲ್ಲೇ, ಎಂಟರೊಳಗಿನ ಹುಡುಗಿಯರಿಗೆ ಮದುವೆ ಬೇಡ ಎಂದು ನಿಯಮ ಮಾಡಿತ್ತು. ಎಂಟು! ಆ ಕಾಲಕ್ಕೆ ಅದೇ ದೊಡ್ಡ ಸುಧಾರಣೆ. 1930ರಲ್ಲಿ ಅದೇ ಸಂಸ್ಥಾನ ಸರ್ಕಾರದ ಖರ್ಚಿನಲ್ಲಿ ಸಂತಾನ ನಿಯಂತ್ರಣದ ಚಿಕಿತ್ಸಾಲಯ ತೆರೆಯಲು ಆಜ್ಞೆ ಹೊರಡಿಸಿತು. ಜಗತ್ತಿನಲ್ಲಿ ಯಾವ ಸರ್ಕಾರವೂ ಅಲ್ಲಿಯವರೆಗೆ ಆ ಕೆಲಸಕ್ಕೆ ಕೈಹಾಕಿರಲಿಲ್ಲವೆಂದು ಹೆಮ್ಮೆಯಿಂದ ಹೇಳುತ್ತಾರೆ. ಆ ಹೆಮ್ಮೆಯ ಸುದ್ದಿ ಅರಕಲಗೂಡಿನ ತೊಟ್ಟಿಮನೆಗೆ ಬಂದು ಮುಟ್ಟುವ ಹೊತ್ತಿಗೆ ಅಜ್ಜಿಯ ಎಂಟನೆಯದು ತೆವಳುತ್ತಿತ್ತು.

ಒಂಬತ್ತನೆಯದರ ಕತೆ ಚೆನ್ನಾಗಿದೆ. ನನ್ನ ಅಮ್ಮ ನನ್ನನ್ನು ಹೆರಲು ತವರಿಗೆ ಬಂದಾಗ ಅಜ್ಜಿಗೂ ಐದು ತಿಂಗಳು. ಆ ಕಾಲದಲ್ಲಿ ಇದು ನಗುವ ಸಂಗತಿಯೇನಲ್ಲ. ತಾಯಿ ಮಗಳು ಒಂದೇ ವರ್ಷ ಹೆರುವುದು ಊರಿಗೆ ನಾಲ್ಕು ಮನೆಯಲ್ಲಿ ಇದ್ದದ್ದೇ. ಹೀಗಾಗಿ ನನಗೆ ನನಗಿಂತ ನಾಲ್ಕು ತಿಂಗಳಿಗೆ ಚಿಕ್ಕವನಾದ ಒಬ್ಬ ಸೋದರಮಾವ ಇದ್ದಾನೆ. ಗೋಲಿ ಆಟದಲ್ಲಿ ಸೋತಾಗಲೆಲ್ಲ "ನಾನು ನಿನ್ನ ಮಾವ ಕಣೇ" ಎಂದು ಹಿರಿತನ ಚಲಾಯಿಸುತ್ತಿದ್ದ. ನಮ್ಮಿಬ್ಬರಿಗೂ ಯಾರ್ಯಾರ ಹಾಲು ಎಷ್ಟೆಷ್ಟು ಸಂದಿದೆಯೋ ಲೆಕ್ಕ ಇಟ್ಟವರಿಲ್ಲ.

ಹಾಗಾದರೆ ಬಸುರಿ ಅಜ್ಜಿ, ಬಾಣಂತಿ ಅಮ್ಮ, ಇಬ್ಬರನ್ನೂ ನೋಡಿಕೊಂಡವರು ಯಾರು? ಅವಿಭಕ್ತ ಕುಟುಂಬವನ್ನು ನೆನೆದು ನಿಟ್ಟುಸಿರು ಬಿಡುವವರೆಲ್ಲ ಇಲ್ಲಿ ಸ್ವಲ್ಪ ನಿಲ್ಲಬೇಕು. ನೋಡಿಕೊಂಡವರು ತಾತನ ಅಕ್ಕ. ಮನೆಮಂದಿಗೆಲ್ಲ ಆಕೆ ಅತ್ತೆಮ್ಮ. ಹನ್ನೊಂದಕ್ಕೆ ಮದುವೆಯಾಗಿ ಹದಿಮೂರಕ್ಕೆ ಗಂಡನನ್ನು ಕಳೆದುಕೊಂಡು, ತಲೆ ಬೋಳಿಸಿಕೊಂಡು, ಕೆಂಪು ಸೀರೆ ಉಟ್ಟು ತವರಿಗೆ ಬಂದವರು ಮತ್ತೆ ಎಲ್ಲಿಗೂ ಹೋಗಲಿಲ್ಲ. ಹೋಗಲು ಜಾಗವಿರಲಿಲ್ಲ. ಆ ಮನೆಯ ಒಂಬತ್ತು ಬಾಣಂತನ, ಆಮೇಲೆ ಆ ಮಕ್ಕಳ ಮಕ್ಕಳ ಬಾಣಂತನ, ಜೊತೆಗೆ ಅಕ್ಕಪಕ್ಕದ ಮನೆಯವರು ಕರೆದರೆ ಅದೂ. ನಸುಕಿಗೆ ಎದ್ದು ಹಂಡೆಗೆ ಉರಿ ಹಾಕುವರು. ಬಾಣಂತಿಗೆ ಹರಳೆಣ್ಣೆ ತಿಕ್ಕಿ, ಅರಿಶಿನ ಹಚ್ಚಿ, ಕೈಯಿಟ್ಟರೆ ಸುಡುವಂಥ ನೀರೆರೆದು, ಹೊಟ್ಟೆಗೆ ಹಳೇ ಸೀರೆ ಬಿಗಿದು, ಕಿವಿಗೆ ಹತ್ತಿ ತುರುಕಿ, ಕಂಬಳಿ ಹೊದಿಸಿ ಮಲಗಿಸುವರು. ಆಮೇಲೆ ಕೂಸಿನ ಸರದಿ. ಗೋಡೆಗೊರಗಿ ಕಾಲು ನೀಡಿ ಕೂತು, ಕಾಲ ಮೇಲೆ ಮಗುವನ್ನು ಬೋರಲು ಹಾಕಿ ಎಣ್ಣೆ ನೀವಿ, ಸೀಗೆಪುಡಿ ಕಡಲೆಹಿಟ್ಟು ಹಚ್ಚಿ ಎರೆಯುವರು; ಮೂಗನ್ನು ಎಳೆದು ನೀಳ ಮಾಡುವರು, ತಲೆಯನ್ನು ತಟ್ಟಿ ತಟ್ಟಿ ಗುಂಡಗೆ ಮಾಡುವರು. ನಮ್ಮ ವಂಶದಲ್ಲಿ ಮೊಂಡುಮೂಗಿನವರಿಲ್ಲ ಎಂಬ ಕೀರ್ತಿಗೆ ಅತ್ತೆಮ್ಮನ ಹೆಬ್ಬೆರಳೇ ಕಾರಣವೆಂದು ಎಲ್ಲರೂ ನಂಬಿದ್ದರು. ಸಾಂಬ್ರಾಣಿ ಹೊಗೆ, ದೃಷ್ಟಿಬೊಟ್ಟು, ಕುಲಾವಿ. ಮಗು ಸಂಜೆಯವರೆಗೆ ಸೊಲ್ಲೆತ್ತುತ್ತಿರಲಿಲ್ಲ.

ತಾವು ಹೆರದೆ ಅಷ್ಟು ಮಕ್ಕಳನ್ನು ಎರೆದ ಆ ಕೈಗಳಿಗೆ ಯಾವ ಶುಭಕಾರ್ಯದಲ್ಲೂ ಕುಂಕುಮದ ಬಟ್ಟಲು ಮುಟ್ಟುವ ಹಕ್ಕಿರಲಿಲ್ಲ. ತೊಟ್ಟಿಲು ಶಾಸ್ತ್ರದ ದಿನ, ಹಿಂದಿನ ರಾತ್ರಿಯವರೆಗೆ ಮಗುವನ್ನು ಮಡಿಲಲ್ಲಿಟ್ಟುಕೊಂಡಿದ್ದ ಅತ್ತೆಮ್ಮ ಹಿತ್ತಿಲ ಬಾಗಿಲ ಬಳಿ ಕೂತು ಬಾಳೆಎಲೆ ಒರೆಸುತ್ತಿದ್ದರು. ಹಾಡಿಗೆ ಮುತ್ತೈದೆಯರು ಬರುತ್ತಿದ್ದರು. ಕೂಡುಕುಟುಂಬದಲ್ಲಿ ಕೈಗಳು ಬಹಳ ಇದ್ದವು, ನಿಜ. ಆ ಕೈಗಳಲ್ಲಿ ಅರ್ಧದಷ್ಟು ಬೇರೆ ದಾರಿಯಿಲ್ಲದೆ ಅಲ್ಲಿದ್ದ ಕೈಗಳು ಎಂಬುದನ್ನು ಬಿಟ್ಟು ಆ ಕಾಲವನ್ನು ಹೊಗಳಲು ನನಗೆ ಮನಸ್ಸು ಬರುವುದಿಲ್ಲ.

ಸೂಲಗಿತ್ತಿಯದು ಇನ್ನೊಂದು ಬಗೆ. ಮಗುವನ್ನು ಭೂಮಿಗೆ ಬರಮಾಡಿಕೊಳ್ಳುವ ಮೊದಲ ಕೈ ಅವಳದು. ಹೊಕ್ಕುಳಬಳ್ಳಿ ಕತ್ತರಿಸಿ, ತಾಯಿ ಮಗು ಇಬ್ಬರನ್ನೂ ಬೇರೆ ಮಾಡಿ ಕೊಟ್ಟವಳು, ಪುರುಡು ಕಳೆದ ಮರುದಿನದಿಂದ ಜಗಲಿಯ ಆಚೆಗೆ. ಮೊರದಲ್ಲಿ ಅಕ್ಕಿ, ಬೆಲ್ಲ, ಒಂದು ಸೀರೆ ಕೊಟ್ಟು ಮನೆ ತೊಳೆದುಕೊಳ್ಳುತ್ತಿದ್ದರು. ಪಾವಗಡ ತಾಲ್ಲೂಕಿನ ಸೂಲಗಿತ್ತಿ ನರಸಮ್ಮನವರಿಗೆ 2018ರಲ್ಲಿ ಪದ್ಮಶ್ರೀ ಬಂದಾಗ, ಹದಿನೈದು ಸಾವಿರಕ್ಕೂ ಹೆಚ್ಚು ಹೆರಿಗೆ ಮಾಡಿಸಿದವರೆಂದು ಪತ್ರಿಕೆಗಳೆಲ್ಲ ಬರೆದವು. ಅದೇ ವರ್ಷದ ಡಿಸೆಂಬರಿನಲ್ಲಿ ಅವರು ತೀರಿಕೊಂಡರು. ಟಿವಿಯಲ್ಲಿ ಅವರ ಮುಖ ನೋಡುವಾಗ ನನಗೆ, ಅರಕಲಗೂಡಿನ ಆ ಸೂಲಗಿತ್ತಿಯ ಹೆಸರು ನಮ್ಮ ಮನೆಯಲ್ಲಿ ಯಾರಿಗೂ ಗೊತ್ತಿಲ್ಲವಲ್ಲ ಎನ್ನಿಸಿತು. ನಾನು ಅವಳ ಕೈಯಲ್ಲಿ ಹುಟ್ಟಿದವಳು.

ಇದರಲ್ಲೊಂದು ವಿಚಿತ್ರವಿದೆ. ಪುರುಡೆಂಬ ಮೈಲಿಗೆ ಹೆಂಗಸಿಗೆ ಮಾಡಿದ ಅವಮಾನ ಎನ್ನುವುದು ಸರಿಯೇ. ಆದರೆ ಅಜ್ಜಿ ಇನ್ನೊಂದು ಮಾತು ಹೇಳುತ್ತಿದ್ದಳು: "ವರ್ಷಕ್ಕೆ ಮುನ್ನೂರ ಅರವತ್ತೈದು ದಿನ ಒಲೆ ಮುಂದೆ ಇರೋಳಿಗೆ ಆ ಹತ್ತು ದಿನ ಯಾರೂ ಏನೂ ಕೇಳಂಗಿಲ್ಲ. ಅನ್ನ ಇದ್ದಲ್ಲಿಗೇ ಬರತ್ತೆ." ಯಾವ ಹಾಳು ಶಾಸ್ತ್ರದ ಸಂದಿಯಲ್ಲೂ ಹೆಂಗಸರು ಒಂದಿಷ್ಟು ನಿದ್ದೆ ಹುಡುಕಿಕೊಂಡಿರುತ್ತಾರೆ.

ಅಜ್ಜಿಯ ಕಾಲದ ಬಾಣಂತನದಲ್ಲಿ ಪ್ರೀತಿ ಎಷ್ಟಿತ್ತೋ ಭಯವೂ ಅಷ್ಟೇ ಇತ್ತು. ಶೀತದ ಭಯ, ನಂಜಿನ ಭಯ, ಗಾಳಿಯ ಭಯ, ಕಣ್ಣುಬೀಳುವ ಭಯ. ನೀರು ಕೊಟ್ಟರೆ ಹೊಟ್ಟೆ ಬರುತ್ತದೆಂದು ಬಾಣಂತಿಗೆ ಗುಟುಕು ಲೆಕ್ಕದಲ್ಲಿ ನೀರು. ಮೊದಲ ದಿನದ ಹಳದಿ ಹಾಲು ಕೆಟ್ಟದ್ದೆಂದು ಹಿಂಡಿ ಚೆಲ್ಲಿ, ಕೂಸಿಗೆ ಒಳಲೆಯಲ್ಲಿ ಸಕ್ಕರೆ ನೀರು ಹಾಕುತ್ತಿದ್ದರು. ಈಗ ಆ ಹಾಲೇ ಮಗುವಿಗೆ ಮೊದಲ ಲಸಿಕೆಯೆಂದು, ಹುಟ್ಟಿದ ಗಂಟೆಯೊಳಗೆ ಕುಡಿಸಬೇಕೆಂದು ಸರ್ಕಾರಿ ಆಸ್ಪತ್ರೆಯ ಗೋಡೆಗಳ ಮೇಲೆ ಬರೆದಿರುತ್ತಾರೆ. ಭಯಕ್ಕೆ ಕಾರಣವಿಲ್ಲದೆಯೂ ಇರಲಿಲ್ಲ. ಪ್ರತಿಯೊಂದು ಮನೆಯಲ್ಲೂ ಹೆರಿಗೆಯಲ್ಲಿ ಹೋದ ಒಬ್ಬಳು ಚಿಕ್ಕಮ್ಮನೋ ಅತ್ತಿಗೆಯೋ ಇರುತ್ತಿದ್ದಳು. ಹಳ್ಳಿಯ ಮಾತು ಬಿಡಿ, ಕನ್ನಡದ ಮನೆಮನೆಯ ಲೇಖಕಿಯಾಗಿದ್ದ ತ್ರಿವೇಣಿಯವರು ಮೈಸೂರಿನಂಥ ಊರಿನಲ್ಲಿದ್ದೂ 1963ರಲ್ಲಿ ಹೆರಿಗೆಯ ಬೆನ್ನಿಗೇ ಹೋಗಿಬಿಟ್ಟರು. ಇನ್ನೂ ಮೂವತ್ತೈದು ಮುಟ್ಟಿರಲಿಲ್ಲ.

ಅವರ 'ಶರಪಂಜರ'ವನ್ನು ಪುಟ್ಟಣ್ಣ ಕಣಗಾಲರು 1971ರಲ್ಲಿ ಸಿನಿಮಾ ಮಾಡಿದಾಗ ಅಮ್ಮ ನನ್ನನ್ನೂ ಕರೆದುಕೊಂಡು ಹೋಗಿದ್ದಳು. ಹೆರಿಗೆಯ ನಂತರ ಮನಸ್ಸು ಕದಡಿಹೋದ ಕಾವೇರಿಯ ಕತೆ. ಕಲ್ಪನಾ ಅಭಿನಯಕ್ಕೆ ಇಡೀ ಟಾಕೀಸು ಅತ್ತಿತು. ನನಗೆ ನೆನಪಿರುವುದು ಸಿನಿಮಾ ಅಲ್ಲ, ಆಮೇಲೆ ನಮ್ಮ ಮನೆಯ ಪಡಸಾಲೆಯಲ್ಲಿ ನಡೆದ ಮಾತು. ರಜೆಗೆ ಬಂದಿದ್ದ ಅತ್ತೆಮ್ಮ ಕತೆ ಕೇಳಿ, "ಬಾಣಂತಿ ಸನ್ನಿ ಕಣೇ ಅದು. ನಮ್ಮ ಕಡೆ ಇಬ್ಬರು ಬಾವಿಗೆ ಬಿದ್ದರು" ಎಂದು ಅಕ್ಕಿ ಆರಿಸುತ್ತಲೇ ಹೇಳಿದರು. ಎರೆಯುವುದು ಗೊತ್ತಿತ್ತು, ಹೊಟ್ಟೆ ಕಟ್ಟುವುದು ಗೊತ್ತಿತ್ತು, ಮೆಣಸಿನ ಸಾರು ಕಾಸುವುದು ಗೊತ್ತಿತ್ತು. ಬಾಣಂತಿ ಕತ್ತಲೆಕೋಣೆಯಲ್ಲಿ ಒಬ್ಬಳೇ ಅಳುತ್ತಿದ್ದರೆ ಏನು ಮಾಡಬೇಕೆಂದು ಯಾರಿಗೂ ಗೊತ್ತಿರಲಿಲ್ಲ. ಬೇವಿನ ಸೊಪ್ಪು, ತಾಯಿತ, ಇಲ್ಲವೇ ಬೈಗುಳ. ಬೆಂಗಳೂರಿನ ನಿಮ್ಹಾನ್ಸಿನಲ್ಲಿ ಅಂಥ ತಾಯಂದಿರನ್ನು ಮಗುವಿನಿಂದ ಬೇರೆ ಮಾಡದೆ ಜೊತೆಯಲ್ಲೇ ಇಟ್ಟುಕೊಂಡು ಚಿಕಿತ್ಸೆ ಮಾಡುವ ವಿಭಾಗ ಶುರುವಾದದ್ದು 2009ರಲ್ಲಿ. ಐದೇ ಹಾಸಿಗೆ. ಅಷ್ಟಾದರೂ ಆಗಲು ಕಾವೇರಿಯ ತರುವಾಯ ಮೂವತ್ತೆಂಟು ವರ್ಷ ಬೇಕಾಯಿತು.

ನನ್ನ ಸ್ವಂತ ಬಾಣಂತನದ ವಿಷಯ ಬೇಗ ಮುಗಿಯುತ್ತದೆ, ಏಕೆಂದರೆ ನಮ್ಮ ತಲೆಮಾರಿನವರು ಬೇಗ ಬೇಗ ಹೆತ್ತು ಕೆಲಸಕ್ಕೆ ಓಡಿದವರು. ಕೆಂಪು ತ್ರಿಕೋನದ ಜಾಹೀರಾತು ನೋಡುತ್ತ, ಆರತಿಗೊಬ್ಬಳು ಕೀರ್ತಿಗೊಬ್ಬ ಎಂದು ಹೇಳಿಸಿಕೊಳ್ಳುತ್ತ ಬೆಳೆದು, ಆರತಿಯವಳು ಹುಟ್ಟಿದ ಮೇಲೆ ಕೀರ್ತಿಯ ಗೊಡವೆ ಬೇಡವೆಂದು ಬಿಟ್ಟವಳು ನಾನು. ಮೈಸೂರಿನ ಸರಸ್ವತೀಪುರದಲ್ಲಿ ಬಾಡಿಗೆ ಮನೆ. ಅಮ್ಮ ಬಂದಳು, ಅವಳ ಜೊತೆ ಅರ್ಧ ಅತ್ತೆಮ್ಮನೂ ಬಂದರು: ಅದೇ ಕಾಯ, ಅದೇ ಬಜೆ, ಅದೇ ಕಿವಿಗೆ ಹತ್ತಿ. ಇದ್ದಲಿನ ಬದಲು ಗೀಸರ್, ಕತ್ತಲೆಕೋಣೆಯ ಬದಲು ಪರದೆ ಎಳೆದ ಬೆಡ್‌ರೂಮು. ನೀರು ಮಾತ್ರ ಡಾಕ್ಟರಮ್ಮ ಹೇಳಿದಷ್ಟು ಕುಡಿಯಲು ಬಿಟ್ಟಳು. ತನ್ನ ಬಾಣಂತನದಲ್ಲಿ ಬಾಯಾರಿ, ಹಂಡೆಯ ನೀರನ್ನೇ ಕದ್ದು ಕುಡಿದದ್ದನ್ನು ಆಗ ಹೇಳಿದಳು. ಬ್ಯಾಂಕಿನಲ್ಲಿ ಕೊಡುತ್ತಿದ್ದದ್ದು ಮೂರು ತಿಂಗಳ ರಜೆ. 1961ರ ಹೆರಿಗೆ ಸೌಲಭ್ಯ ಕಾಯ್ದೆ ಹನ್ನೆರಡು ವಾರ ಎಂದು ಬರೆದದ್ದು ಐವತ್ತಾರು ವರ್ಷ ಹಾಗೆಯೇ ಇತ್ತು. 2017ರಲ್ಲಿ ಇಪ್ಪತ್ತಾರು ವಾರವಾಯಿತು. ಅಷ್ಟರಲ್ಲಿ ನನ್ನ ಮಗಳೇ ನೌಕರಿಯಲ್ಲಿದ್ದಳು. ನಾಲ್ಕನೆಯ ತಿಂಗಳಿಗೆ ಕೌಂಟರಿನಲ್ಲಿ ಕೂತು ನೋಟೆಣಿಸುತ್ತಿದ್ದಾಗ ಯಾರದೋ ಮಗು ಅತ್ತರೆ ನನ್ನ ರವಿಕೆ ಒದ್ದೆಯಾಗುತ್ತಿತ್ತು. ಇದನ್ನು ಯಾರಿಗೆ ಹೇಳುವುದು? ಮ್ಯಾನೇಜರು ಗಂಡಸು, ಯೂನಿಯನ್ನಿನವರು ಗಂಡಸರು.

ಮಗುವನ್ನು ನೋಡಿಕೊಂಡದ್ದು ಅಮ್ಮ. ಐವತ್ತೊಂದರಿಂದ ಐವತ್ತೈದರವರೆಗೆ ನನ್ನಮ್ಮನ ನಾಲ್ಕು ವರ್ಷ ನನ್ನ ಬಡ್ತಿಗೆ ಸಂದಾಯವಾಯಿತು. ಅವಳಿಗೆ ಸಂಬಳವಿಲ್ಲ, ರಜೆಯಿಲ್ಲ, ಕಾಯ್ದೆಯಂತೂ ಇಲ್ಲವೇ ಇಲ್ಲ.

ಪ್ಲೇನೋದ ಆಸ್ಪತ್ರೆಯಲ್ಲಿ ಮೊಮ್ಮಗಳು ಹುಟ್ಟಿದ ಅರ್ಧ ಗಂಟೆಗೆ ನರ್ಸೊಬ್ಬಳು ನನ್ನ ಮಗಳಿಗೆ ಮೊಳದುದ್ದದ ಲೋಟದಲ್ಲಿ ಐಸು ತುಂಬಿದ ನೀರು ತಂದುಕೊಟ್ಟಳು. ಅತ್ತೆಮ್ಮ ಇದ್ದಿದ್ದರೆ ಆ ಲೋಟವನ್ನು ಕಿಟಕಿಯಿಂದ ಎಸೆಯುತ್ತಿದ್ದರು. ನಾನು ಎದ್ದು ನಿಂತೆ. ಮಗಳು "ಅಮ್ಮಾ, ಪ್ಲೀಸ್" ಎಂದಳು. ಕೂತೆ. ಅವಳು ಗಟಗಟ ಕುಡಿದಳು. ಸನ್ನಿಯೂ ಬರಲಿಲ್ಲ, ಶೀತವೂ ಆಗಲಿಲ್ಲ. ಎರಡೇ ದಿನಕ್ಕೆ ಮನೆಗೆ ಹೊರಡಿ ಎಂದರು. ಕಾರಿನಲ್ಲಿ ಮಗುವಿನ ಸೀಟು ಇದೆಯೇ ಎಂದು ಕೇಳಿದರೇ ಹೊರತು ಮನೆಯಲ್ಲಿ ದೊಡ್ಡವರು ಯಾರಿದ್ದಾರೆ ಎಂದು ಕೇಳಲಿಲ್ಲ.

ಮನೆಯಲ್ಲಿ ನನ್ನ ಸೂಟ್‌ಕೇಸಿಗೂ ಮಗಳ ಫೋನಿಗೂ ಮಾತುಕತೆ ಶುರುವಾಯಿತು. ನಾನು ತಲೆ ಗುಂಡಗಾಗಲೆಂದು ರಾಗಿದಿಂಬು ಹೊಲಿದು ತಂದಿದ್ದೆ. ತೊಟ್ಟಿಲಲ್ಲಿ ದಿಂಬು, ಹೊದಿಕೆ, ಗೊಂಬೆ ಯಾವುದೂ ಕೂಡದು, ಮಗು ಅಂಗಾತ ಒಂದೇ ಮಲಗಬೇಕು ಎಂದಿತು ಫೋನು. ಬಜೆ ಎಂದೆ, ಆರು ತಿಂಗಳವರೆಗೆ ತಾಯಿಯ ಹಾಲಲ್ಲದೆ ನೀರೂ ಬೇಡವೆಂದರು ಮಗುವಿನ ಡಾಕ್ಟರು. ಇದನ್ನು ಅಮೆರಿಕದ ಜಂಬವೆನ್ನುವ ಹಾಗೂ ಇಲ್ಲ, ನಮ್ಮೂರಿನ ಆಶಾ ಕಾರ್ಯಕರ್ತೆಯೂ ತಾಯಿ ಕಾರ್ಡು ಹಿಡಿದುಕೊಂಡು ಹಾಗೆಯೇ ಹೇಳುತ್ತಾಳೆ. ಬಜೆ ಬೇರು ಹೋದ ಹಾಗೆಯೇ ಮೈಸೂರಿಗೆ ವಾಪಸು ಬಂತು. ಸಾಂಬ್ರಾಣಿಯನ್ನು ಚಿಟಿಕೆಯಷ್ಟು ಹಾಕಿದ್ದಕ್ಕೆ ಸೂರಿನಲ್ಲಿದ್ದ ಯಂತ್ರ ಕಿರುಚಿ, ನೆರೆಮನೆಯ ಮೆಕ್ಸಿಕನ್ ಅಜ್ಜಿ ಓಡಿ ಬಂದಳು. ಹೊಗೆ ನೋಡಿದಳು, ಕೂಸಿನ ಕುಲಾವಿ ನೋಡಿದಳು, ನನ್ನ ಕೈ ಹಿಡಿದು ಸ್ಪ್ಯಾನಿಷಿನಲ್ಲಿ ಏನೋ ಹೇಳಿದಳು. ಅವರಲ್ಲೂ ಬಾಣಂತಿಗೆ ನಲವತ್ತು ದಿನ ಪಥ್ಯ, ಆರೈಕೆ ಎಲ್ಲ ಇದೆಯಂತೆ, ಅಳಿಯ ಅರ್ಥ ಮಾಡಿಸಿದ. ಮರುದಿನ ಕೋಳಿಯ ಸಾರು ಕಳಿಸಿದಳು. ನಾವು ತಿನ್ನುವುದಿಲ್ಲವೆಂದು ಹೇಳಲು ನಾಚಿಕೆಯಾಗಿ, ಪಾತ್ರೆ ತೊಳೆದು ಅಂಟಿನುಂಡೆ ಹಾಕಿ ಹಿಂತಿರುಗಿಸಿದೆ.

ಎಣ್ಣೆನೀರನ್ನು ಮಾತ್ರ ಫೋನು ಒಪ್ಪಿತು. ಹೊಕ್ಕುಳು ಉದುರಿದ ಮೇಲೆ ಬಾತ್‌ಟಬ್ಬಿನ ಅಂಚಿಗೆ ಬೆನ್ನು ಕೊಟ್ಟು, ನೆಲಕ್ಕೆ ಟವೆಲು ಹಾಸಿ, ಕಾಲು ನೀಡಿ ಕೂತು ಎರೆದೆ. ಮೂಗು ಎಳೆಯಲಿಲ್ಲ. ಕೂಸು ಮೂರು ಗಂಟೆ ಮಲಗಿತು, ಮಗಳೂ ಮಲಗಿದಳು. ನಾನು ನೆಲದಿಂದ ಏಳಲು ಅಳಿಯ ಕೈಕೊಡಬೇಕಾಯಿತು.

ಅಳಿಯನ ವಿಷಯಕ್ಕೆ ಬರಬೇಕು. ನಾನು ಹುಟ್ಟಿದಾಗ ನನ್ನ ಅಪ್ಪ ನನ್ನ ಮುಖ ನೋಡಿದ್ದು ನಾಮಕರಣದ ದಿನ, ಬಸ್ಸಿಳಿದು ಬಂದು, ಎಲ್ಲರ ಎದುರಿಗೆ, ಒಂದು ನಿಮಿಷ. ಎತ್ತಿಕೊಳ್ಳುವುದು ಹಿರಿಯರ ಮುಂದೆ ಮರ್ಯಾದೆಯಲ್ಲ. ನನ್ನ ಯಜಮಾನರು ನರ್ಸಿಂಗ್ ಹೋಮಿನ ಹೊರಗೆ ಬೆಂಚಿನ ಮೇಲೆ 'ಸುಧಾ' ಹಿಡಿದು ಕೂತಿದ್ದರು. ಮಗುವಿನ ಬಟ್ಟೆ ಬದಲಿಸಿದ್ದು ನನಗೆ ನೆನಪಿಲ್ಲ, ಅವರಿಗಂತೂ ಇಲ್ಲ. ಈ ಹುಡುಗ ಹೆರಿಗೆ ಕೋಣೆಯಲ್ಲಿ ಹೆಂಡತಿಯ ಕೈ ಹಿಡಿದು ನಿಂತಿದ್ದ, ಹೊಕ್ಕುಳಬಳ್ಳಿಯನ್ನು ತಾನೇ ಕತ್ತರಿಸಿದ. ರಾತ್ರಿ ಎರಡಕ್ಕೆ ಎದ್ದು ಡೈಪರ್ ಬದಲಿಸುವನು, ಬರಿಯ ಎದೆಯ ಮೇಲೆ ಕೂಸನ್ನು ಹಾಕಿಕೊಂಡು ಅತ್ತಿಂದಿತ್ತ ನಡೆಯುವನು. ಧಾರವಾಡದ ಹುಡುಗ, "ಅಳಬ್ಯಾಡ ನನ್ನವ್ವಾ" ಎಂದು ಪಿಸುಗುಟ್ಟುತ್ತಿದ್ದದ್ದು ನನ್ನ ಕೋಣೆಗೆ ಕೇಳುತ್ತಿತ್ತು. ನಮ್ಮ ಮೂರು ತಲೆಮಾರಿನಲ್ಲಿ ಆದ ಬದಲಾವಣೆಗಳಲ್ಲಿ ಇದಕ್ಕಿಂತ ಒಳ್ಳೆಯದು ಇನ್ನೊಂದಿದೆಯೆಂದು ನನಗನ್ನಿಸುವುದಿಲ್ಲ. ಯಜಮಾನರು ಎರಡು ವಾರ ಸುಮ್ಮನೆ ನೋಡಿದರು. ಮೂರನೆಯ ವಾರ, ಯಾರೂ ಇಲ್ಲದ ಹೊತ್ತು ನೋಡಿ, ಅಳಿಯನ ಹತ್ತಿರ ಡೈಪರ್ ಕಟ್ಟುವುದು ಹೇಗೆಂದು ಕೇಳಿ ಕಲಿತರು. ಎಪ್ಪತ್ತಕ್ಕೆ.

ಅಷ್ಟೆಲ್ಲ ಮುಂದುವರಿದ ಆ ದೇಶದಲ್ಲಿ ಹೆತ್ತವಳಿಗೆ ಸಂಬಳದ ರಜೆ ಕೊಡಲೇಬೇಕೆಂದು ದೇಶಕ್ಕೆಲ್ಲ ಅನ್ವಯಿಸುವ ಕಾನೂನಿಲ್ಲ. 1993ರ ಕಾಯ್ದೆ ಹನ್ನೆರಡು ವಾರ ಕೆಲಸ ಉಳಿಸಿಕೊಡುತ್ತದೆ, ಸಂಬಳ ಕೊಡುವುದಿಲ್ಲ. ಟೆಕ್ಸಾಸಿನಂಥ ಕಡೆ ಕೊಡುವುದು ಬಿಡುವುದು ಕಂಪನಿಯ ದಾಕ್ಷಿಣ್ಯ. ಆದ್ದರಿಂದಲೇ ನಮ್ಮಂಥವರ ಸರದಿ. ನಮಗೆ ಅಲ್ಲಿರಲು ಆರು ತಿಂಗಳ ಮೊಹರು. ನಾವು ಹೊರಡುವ ವಾರ ಬೀಗರು ಬಂದಿಳಿಯುತ್ತಾರೆ, ಅವರದು ಇನ್ನಾರು ತಿಂಗಳು. ಒಂದು ಅಡುಗೆಮನೆಯಲ್ಲಿ ಇಬ್ಬರು ಅಜ್ಜಿಯರು ನಾಲ್ಕು ದಿನಕ್ಕಿಂತ ಹೆಚ್ಚು ಒಟ್ಟಿಗಿರಬಾರದೆಂದು ಮಕ್ಕಳು ಹುಷಾರಾಗಿ ಟಿಕೆಟ್ಟು ಮಾಡಿಸಿರುತ್ತಾರೆ. ನನ್ನ ಬೀಗಿತ್ತಿ ಅಳ್ವಿ, ಕೊಬ್ಬರಿ ಖಾರ, ಉತ್ತತ್ತಿ ಹಾಕಿದ ಉಂಡಿಗಳ ಡಬ್ಬಿ ಬಿಚ್ಚುತ್ತ, "ಹೊರಸಿನ ಕೆಳಗ ಕೆಂಡ ಇಡದ ಬಾಣಂತನ ಏನ್ ಬಾಣಂತನಾರೀ" ಎಂದು ನಕ್ಕರು. ಸೂರಿನ ಯಂತ್ರ ತೋರಿಸಿದೆ. ಅವರಿಗೆ ಅರವತ್ತೇಳು, ಸಕ್ಕರೆ ಕಾಯಿಲೆ; ಉಂಡಿ ಕಟ್ಟುತ್ತಾರೆ, ಬಾಯಿಗಿಡುವಂತಿಲ್ಲ.

ಊರಿನಲ್ಲೇ ಇರುವ ಮಕ್ಕಳ ಕತೆ ಬೇರೆ. ಕರ್ನಾಟಕದಲ್ಲಿ ಈಗ ನೂರಕ್ಕೆ 97 ಹೆರಿಗೆಗಳು ಆಸ್ಪತ್ರೆಯಲ್ಲಾಗುತ್ತವೆಂದು 2019–21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆ ಹೇಳುತ್ತದೆ. 2005–06ರಲ್ಲಿ ಅದು ಸುಮಾರು 65 ಇತ್ತು. ಕತ್ತಲೆಕೋಣೆಯ ಸಾವುಗಳನ್ನು ಕೇಳಿ ಬೆಳೆದವಳಿಗೆ ಇದಕ್ಕಿಂತ ಸಂತೋಷ ಬೇಡ. ಹೆರಿಗೆ ಮುಗಿದು ಮನೆಗೆ ಬಂದ ಮೇಲೆ? ಬೆಂಗಳೂರಿನ ಅಪಾರ್ಟ್‌ಮೆಂಟುಗಳಲ್ಲಿ ಈಗ ತಾಯಿ ಮಗುವಿಗೆ ಎಣ್ಣೆನೀರು ಹಾಕಲು ದಿನಗೂಲಿಯ ಮೇಲೆ ಬರುವ ಹೆಂಗಸರಿದ್ದಾರೆ, ರಾತ್ರಿಯೂ ಉಳಿದು ನೋಡಿಕೊಳ್ಳುವವರಿದ್ದಾರೆ. ನನ್ನ ತಂಗಿಯ ಸೊಸೆಗೆ ಬಂದಾಕೆ ರಾಯಚೂರಿನ ಕಡೆಯವಳು. ಕೈಯೆಂದರೆ ಅತ್ತೆಮ್ಮನದೇ ಕೈ. ಮಾತಿಗೆ ಕೂತಾಗ ಅವಳ ಎರಡು ವರ್ಷದ ಮಗು ಊರಿನಲ್ಲಿ ಅವಳ ಅವ್ವನ ಹತ್ತಿರ ಇದೆಯೆಂದು ತಿಳಿಯಿತು. ಅತ್ತೆಮ್ಮನಿಗೆ ಅನ್ನವಷ್ಟೇ ಸಿಗುತ್ತಿತ್ತು, ಇವಳಿಗೆ ಹಣ ಸಿಗುತ್ತದೆ. ಮುನಿಸು ಬಂದರೆ ಬಿಟ್ಟು ಹೋಗಬಲ್ಲಳು. ಅದು ಸಣ್ಣ ಸಂಗತಿಯಲ್ಲ. ಆದರೂ ಯಾವ ಮಗುವಿನ ಪಾಲಿನ ಎಣ್ಣೆನೀರು ಯಾವ ಮಗುವಿಗೆ ಬಂತು ಎಂದು ಯೋಚಿಸಿದರೆ ಹೊಟ್ಟೆಯೊಳಗೆ ಏನೋ ತಿರುಗುತ್ತದೆ.

ಅದೇ ಸಮೀಕ್ಷೆಯ ಪ್ರಕಾರ ನಮ್ಮ ರಾಜ್ಯದಲ್ಲಿ ಒಬ್ಬ ಹೆಂಗಸು ಹೆರುವ ಮಕ್ಕಳು ಸರಾಸರಿ 1.7. ಅಜ್ಜಿಯ ಒಂಬತ್ತೆಲ್ಲಿ, ನನ್ನ ಒಂದೆಲ್ಲಿ. ಒಂದು ಸಾಕೆಂದವಳು ನಾನೇ, ಈಗ ಕೇಳಿದರೂ ಅದನ್ನೇ ಹೇಳುತ್ತೇನೆ. ಆದರೆ ನನ್ನ ಮೊಮ್ಮಗಳಿಗೆ ಸೋದರಮಾವನಿಲ್ಲ, ಚಿಕ್ಕಮ್ಮನಿಲ್ಲ. ಅವಳ ಕಿವಿ ಚುಚ್ಚುವಾಗ ಮಾವನ ಮಡಿಲು ಬೇಕೆಂದು, ನನಗಿಂತ ನಾಲ್ಕು ತಿಂಗಳಿಗೆ ಚಿಕ್ಕವನಾದ ನನ್ನ ಮಾವನನ್ನೇ ಹಾಸನದಿಂದ ಕರೆಸಿದೆವು. ತಾತನ ವಯಸ್ಸಿನ ಮಾವ. ಗೋಲಿಯಾಟದ ಹಳೆಯ ಗತ್ತಿನಲ್ಲೇ ಬಂದು ಕೂತ. ನಾಳೆ ಈ ಮೊಮ್ಮಗಳು ತನ್ನಮ್ಮನ ವಯಸ್ಸಿಗೇ ಹೆತ್ತರೂ ಅವಳ ಬಾಣಂತನಕ್ಕೆ ಹೋಗಬೇಕಾದ ನನ್ನ ಮಗಳಿಗೆ ಆಗ ಅರವತ್ತೆಂಟು. ಹೆರದಿದ್ದರೂ ಸರಿಯೇ, ಅದು ಅವಳ ಇಷ್ಟ. ಅಜ್ಜಿಗೆ ಆ ಮಾತು ಆಡುವ ಅವಕಾಶ ಇರಲಿಲ್ಲ.

ಹೆತ್ತವಳಿಗೆ ಕಾಯ್ದೆ ಬಂತು, ಕಾರ್ಡು ಬಂತು, ಆಸ್ಪತ್ರೆ ಬಂತು, ತಡವಾಗಿಯಾದರೂ ಗಂಡನೂ ಬಂದ. ಬಾಣಂತನ ಮಾಡುವವಳನ್ನು ಈಗಲೂ ಯಾರೂ ಲೆಕ್ಕಕ್ಕೆ ಹಿಡಿದಿಲ್ಲ. ಹಾಗಾಗಿ ಬಾಣಂತಿ ನೋಡಲು ಹೋಗುವವರಲ್ಲಿ ನನ್ನದೊಂದು ಕೇಳಿಕೆ. ಮಗುವಿಗೆ ಹತ್ತನೆಯ ಫ್ರಾಕು ಒಯ್ಯಬೇಡಿ, ಹಾಲು ಸಾಕಾಗುತ್ತದೆಯೇ ಎಂದು ವಿಚಾರಿಸಬೇಡಿ, ಮಗು ಯಾರ ಹಾಗಿದೆಯೆಂಬ ಚರ್ಚೆ ನಾಮಕರಣದವರೆಗೆ ಕಾಯಲಿ. ಒಂದು ಡಬ್ಬಿಯಲ್ಲಿ ಬಿಸಿ ಮೆಣಸಿನ ಸಾರು, ಇನ್ನೊಂದರಲ್ಲಿ ಅನ್ನ, ಸಬ್ಬಸಿಗೆ ಸೊಪ್ಪಿನ ಪಲ್ಯ ಒಯ್ಯಿರಿ. ಬಾಣಂತಿಗಷ್ಟೇ ಅಲ್ಲ, ಮನೆಮಂದಿಗೆಲ್ಲ ಆಗುವಷ್ಟು. ಬಡಿಸಿದ ಮೇಲೆ ಕೂಸನ್ನು ನೀವು ಎತ್ತಿಕೊಂಡು, ಅಡುಗೆಮನೆಯಲ್ಲಿ ನಿಂತಿರುವ ಅಜ್ಜಿಗೆ ಒಂದು ಗಂಟೆ ಮಲಗಲು ಹೇಳಿ. ಬೇಡ ಎನ್ನುತ್ತಾಳೆ. ಎರಡನೆಯ ಸಲ ಹೇಳಿ.